ಪೂನಮ್ ಕಟ್ಟಿದ ಗೂಡು

“ಕಾಕಾ, ಸಾವಕಾಶ! ಮ್ಯಾಲ ಗೂಡ ಐತಿ!”

ಪೂನಮ್ ಕೂಗುವಷ್ಟರಲ್ಲಿ ಕಾಕಾ ಹೊತ್ತು ತಂದ ಹೊಸ ಪೈಪಿನ ತುದಿ ಮೋಟಾರ್ ಖೋಲಿಯ ಗೋಡೆಗೆ ತಾಗಿಬಿಟ್ಟಿತ್ತು. ಅರ್ಧ ಕಟ್ಟಿದ್ದ ಮಣ್ಣಿನ ಗೂಡು ಬಿದ್ದು ಪುಡಿಯಾಯಿತು. ಗೋಡೆಯ ಮೇಲೆ ಉಳಿದದ್ದು ಒಂದು ಕಂದು ಗುರುತು.

“ತತ್ತಿ ಇರಲಿಲ್ಲಲ್ಲ, ಬಿಡವಾ,” ಎಂದ ಯಲ್ಲಾರಿ ಕಾಕಾ, ಮುಖ ಸಪ್ಪಗೆ ಮಾಡಿಕೊಂಡು.

ಹೊರಗೆ ವೈರಿನ ಮೇಲೆ ಜೋಡಿ ಕವಲುತೋಕೆ ಹಕ್ಕಿಗಳು ಕೂತಿದ್ದವು. ನೀಲಿ ಬೆನ್ನು, ಕೆಂಪು ನೆತ್ತಿ, ಬಾಲದಿಂದ ಇಳಿಬಿಟ್ಟ ಸಣ್ಣ ತಂತಿಯಂಥ ಎರಡು ಗರಿ. ಪ್ರತಿವರ್ಷ ಅವು ಇಲ್ಲೇ ಮರಿ ಮಾಡುತ್ತಿದ್ದವು. ಈ ಸಲ ಮಳೆ ತಡವಾಗಿ, ನಾಗನೂರಿನ ಕಾಲುವೆ ಒಣಗಿ ಬಿರುಕು ಬಿಟ್ಟಿತ್ತು.

“ಇನ್ನೆಲ್ಲಿ ಕಟ್ತಾವ? ಹೋಗಿಬಿಡ್ತಾವ,” ಎಂದಳು ಪೂನಮ್‌ಳ ಅಜ್ಜಿ, ಫಕೀರವ್ವ ಆಯಿ.

“ಹೋಗಾಕ ಬಿಡಂಗಿಲ್ಲ. ನಾನ ಕಟ್ಟಿ ಕೊಡ್ತೇನಿ!” ಎಂದಳು ಪೂನಮ್.

ಮರುದಿನ ಮಣ್ಣೆತ್ತಿನ ಅಮಾವಾಸ್ಯೆ. ಪೂಜೆಯ ಎತ್ತು ಮಾಡಲು ಆಯಿ ಎರೆಮಣ್ಣಿಗೆ ಹತ್ತಿ ಬೆರೆಸಿ ನಾದಿಟ್ಟಿದ್ದಳು. ಪೂನಮ್ ಮಾಡಿದ ಎತ್ತು ಎಂದೂ ಬಿರಿಯುವುದಿಲ್ಲ ಎಂದು ಓಣಿಗೆಲ್ಲ ಗೊತ್ತು. ತನ್ನ ಪಾಲಿನ ಮಣ್ಣನ್ನೆಲ್ಲ ತೆಗೆದುಕೊಂಡು ಅವಳು ಗೂಡು ತಿದ್ದಿದಳು. ನೀರು ಹಚ್ಚಿ ಹಚ್ಚಿ ನುಣುಪು ಮಾಡಿದಳು.

ಅವಳ ಕ್ಲಾಸಿನ ಸ್ವಪ್ನಿಲ್ ಬಗ್ಗಿ ನೋಡಿದ. “ಇದೇನ ಹಕ್ಕಿ ಮನಿಯೋ, ಮಸರಿನ ಬಟ್ಟಲೋ?”

“ನೀ ಸುಮ್ನಿರಲೇ!”

ಕಾಕಾ ಗೋಡೆಗೆ ಎರಡು ಮೊಳೆ ಹೊಡೆದು ಗೂಡನ್ನು ಕೂರಿಸಿದ.

ಹಕ್ಕಿಗಳು ಬಂದವು. ಖೋಲಿಯೊಳಗೆ ಒಂದು ಸುತ್ತು ಹಾಕಿದವು. ಗೂಡಿನ ಮೇಲೆ ಕೂರಲೇ ಇಲ್ಲ.

“ನಿನ್ನ ಡಿಸೈನ್ ಅವಕ್ಕ ಪಸಂದ್ ಬಂದಿಲ್ಲ,” ಎಂದು ಸ್ವಪ್ನಿಲ್ ನಕ್ಕ.

ಪೂನಮ್ ಹೊರಗೆ ಬಂದಳು. ಬಾಗಿಲಾಚೆ ಕೂತು ಕಾದಳು. ಮಧ್ಯಾಹ್ನವಾಯಿತು. ಊಟಕ್ಕೆ ಕರೆದರೂ ಏಳಲಿಲ್ಲ.

ಅವಳು ಕೈ ತೊಳೆದಿದ್ದ ಕಡೆ ಸ್ವಲ್ಪ ರಾಡಿ ಉಳಿದಿತ್ತು. ಹಕ್ಕಿಯೊಂದು ಅಲ್ಲಿಗೆ ಇಳಿಯಿತು. ಕೊಕ್ಕಿನಲ್ಲಿ ಕಡಲೆಯಷ್ಟು ಮಣ್ಣು ಕಚ್ಚಿಕೊಂಡು ಒಳಗೆ ಹಾರಿತು. ಅವಳ ಗೂಡನ್ನು ದಾಟಿ ಹೋಗಿ, ಹಳೆಯ ಕಂದು ಗುರುತಿಗೇ ಅದನ್ನು ಅಂಟಿಸಿತು.

ಮತ್ತೆ ಬರುವಷ್ಟರಲ್ಲಿ ರಾಡಿ ಬಿಸಿಲಿಗೆ ಗಟ್ಟಿಯಾಗಿತ್ತು. ಹಕ್ಕಿ ಕುಕ್ಕಿ ನೋಡಿ, ಬರಿಗೊಕ್ಕಿನಲ್ಲೇ ಹಾರಿಹೋಯಿತು.

ಪೂನಮ್ ಎದ್ದಳು. ಡಬ್ಬದ ಮೇಲೆ ಹತ್ತಿ ತನ್ನ ಗೂಡನ್ನು ಇಳಿಸಿಕೊಂಡು ಬಂದಳು. ಒಂದು ಗಳಿಗೆ ಕೈಯಲ್ಲೇ ಹಿಡಿದು ನೋಡಿದಳು. ಆಮೇಲೆ ರಾಡಿಯಿದ್ದ ಕಡೆ ಇಟ್ಟು ಚರಿಗೆಯ ನೀರು ಸುರಿದಳು.

“ಏ ಹುಚ್ಚಿ! ಅಷ್ಟ್ ಚಂದ ಮಾಡಿದ್ದಿ!” ಸ್ವಪ್ನಿಲ್ ಓಡಿ ಬಂದ.

ಪೂನಮ್ ಅಂಗೈಯಿಂದ ಒತ್ತಿ ಒತ್ತಿ ಗೂಡನ್ನು ಕೆಸರು ಮಾಡಿದಳು. ಇಬ್ಬರೂ ದೂರ ಸರಿದು ನಿಂತರು.

ಹಕ್ಕಿ ಬಂತು. ಅವಳ ಬೆರಳಿನ ಗುರುತಿದ್ದ ಕಡೆಯಿಂದ ಒಂದು ತುಣುಕು ಕಚ್ಚಿಕೊಂಡು ಹೋಯಿತು. ಹಿಂದೆಯೇ ಇನ್ನೊಂದು ಬಂತು.

“ಇಷ್ಟಿಷ್ಟ ಒಯ್ದರ ಯಾವಾಗ ಮುಗೀಬೇಕಲೇ ಅದು?” ಎಂದ ಸ್ವಪ್ನಿಲ್.

“ಅದನ್ನ ಅವು ನೋಡ್ಕೋತಾವ. ನೀ ಇಲ್ಲಿ ಕೋಳಿ ಬರದಂಗ ಕಾಯಿ.”

ಪೂನಮ್ ಖಾಲಿ ಚರಿಗೆ ಹಿಡಿದು ನೀರಿಗೆ ಓಡಿದಳು.