ಹಸಿರು ಕಲ್ಲಿನ ಹಿಂದಿನ ಕೊಳೆ

“ಒಣಬಟ್ಟೆಯಲ್ಲಿ ಒರೆಸ್ಕೋ, ಸಾಕು. ಕಲ್ಲಿನ ಹಿಂದಿರೋ ಕೊಳೆಗೆ ಮಾತ್ರ ಕೈ ಹಚ್ಚಬೇಡ ಕಣೇ.”

ತೀರಿಕೊಂಡ ಅತ್ತೆಯ ಉಂಗುರವನ್ನು ಮೇಜಿನ ಮೇಲಿಟ್ಟ ಹಿರಿಯ ವಾರಗಿತ್ತಿ ಥಟ್ಟನೆ ಕೈ ಹಿಂದಕ್ಕೆಳೆದುಕೊಂಡಳು.

“ಯಾಕಕ್ಕಾ, ಕೊಳೆಗೂ ಕೋಪ ಬರುತ್ತಾ?”

“ನಗಬೇಡ. ಅತ್ತೆ ಮಾಟ ಮಾಡಿಸಿ ಅದರೊಳಗೆ ತುಂಬಿಸಿದಾರೆ.”

ಕಿರಿಸೊಸೆ ನರ್ಸು. ಆಸ್ಪತ್ರೆಯ ಕತ್ತರಿ-ಚಿಮಟ ತೊಳೆದೂ ತೊಳೆದೂ, ಕೊಳೆ ಕಂಡರೆ ಕೈ ಸುಮ್ಮನಿರದ ಜೀವ. ಅತ್ತೆ ಹೋದ ಮೇಲೆ ಮಗಳನ್ನು ಕರೆದುಕೊಂಡು ಈ ಮನೆಗೆ ಬಂದು ವಾರವಾಗಿತ್ತಷ್ಟೆ. ಅಕ್ಕ ಅಸಲಿ ಕಲ್ಲು ನುಂಗಿ ನೀರು ಕುಡಿದು ಗಾಜು ಕೂರಿಸಿರಬಹುದೆಂಬ ಗುಮಾನಿ ಬೇರೆ. ಮಂಡಿನೋವೆಂದು ಹನ್ನೊಂದು ವರ್ಷದಿಂದ ಹೊಸ್ತಿಲು ದಾಟದವಳು, ಅಟ್ಟದ ಮೆಟ್ಟಿಲು ಮಾತ್ರ ಚಕಚಕ ಹತ್ತುತ್ತಾಳೆ!

ನರ್ಸಿನ ಮಗಳು ಪುಟ್ಟಿಯ ಶಾಲೆ ಬಿಡಲು ಅರ್ಧ ಗಂಟೆಯಿತ್ತು. ಅಕ್ಕ ಒಳಗೆ ಹೋದದ್ದೇ ತಡ, ಕಲ್ಲು ಕಳಚಿದರೂ ಜಾರಿಹೋಗದಂತೆ ಸಿಂಕಿನ ತೂತಿಗೆ ಜರಡಿ ಇಟ್ಟಳು. ಉಗುರುಬೆಚ್ಚನೆ ನೀರು, ಎರಡು ತೊಟ್ಟು ಪಾತ್ರೆ ಸೋಪು. ಬ್ಲೀಚು ಕೂಡದು, ಟೂತ್‌ಪೇಸ್ಟೂ ಕೂಡದು, ಗೀರು ಬೀಳುತ್ತದೆ. ಚೆನ್ನಾಗಿ ನೆನೆಸಿ, ಮಕ್ಕಳ ಮೆತ್ತನೆ ಬ್ರಷ್ಷಿನಿಂದ ಕಲ್ಲಿನ ಬೆನ್ನು ಉಜ್ಜಿದಳು.

ನೀರು ಕಪ್ಪಾಯಿತು. ಸುಟ್ಟ ಕೂದಲಿನ ಕಮಟು ಮೂಗಿಗೆ ಅಡರಿತು. ಮೇಣದಂಥ ಕರಿ ಉಂಡೆಯೊಂದು ಬಿಟ್ಟುಕೊಂಡಿತು. ಅದರೊಳಗೆ ಸುರುಳಿ ಸುತ್ತಿದ ಉದ್ದನೆಯ ಕೂದಲು, ಕಾಲ್ಬೆರಳಿನ ಉಗುರ ಚೂರು. ಜರಡಿಯಲ್ಲಿ ಕೂದಲು ಹುಳುವಿನಂತೆ ಮಿಸುಕಿತು. ಅವಳ ಬೆರಳಿಗೆ ಸುತ್ತಿಕೊಂಡಿತು. ಚರ್ಮದೊಳಗೆ ಇಳಿಯಿತು. ಗಾಯವಿಲ್ಲ. ರಕ್ತವಿಲ್ಲ. ಪಾದಗಳು ಮಾತ್ರ ಮಂಜುಗಡ್ಡೆಯಾದವು.

ಹಿಂದೆ ಯಾರೋ ನಿಟ್ಟುಸಿರಿಟ್ಟರು. ವಾರಗಿತ್ತಿ. ಕೈಯಲ್ಲಿ ಬಟ್ಟೆ ತುಂಬಿದ ಚೀಲ.

“ಬೇಡ ಅಂದ್ರೆ ಮಾಡೇ ಮಾಡ್ತೀಯ ಅಂತ ಗೊತ್ತಿತ್ತು ಕಣೇ. ಅದು ನನ್ನ ಕೂದಲು. ಓಡಿಹೋಗ್ತೀನಿ ಅಂತ ಅತ್ತೆ ಕಟ್ಟಿಹಾಕಿಸಿದ್ರು. ನಾನೇ ತೊಳೆದ್ರೆ ಬಿಡಲ್ಲ. ಬೇರೆಯವರು ತೊಳೆದ್ರೆ, ತೊಳೆದೋರಿಗೆ ಅಂಟ್ಕೊಳ್ಳುತ್ತೆ.”

ಅವಳು ಹೊಸ್ತಿಲು ದಾಟಿದಳು. ಬಿಸಿಲಿಗೆ ಮುಖವೊಡ್ಡಿ ಹನಿಗಣ್ಣಾದಳು.

“ಪುಟ್ಟೀನ ನಾನೇ ಕರ್ಕೋತೀನಿ ಬಿಡು. ನನಗೂ ಒಂದು ಮಗು ಬೇಡ್ವೇನೇ?”

ನರ್ಸು ಬಾಗಿಲಿಗೆ ಹಾರಿದಳು. ಪಾದ ಹೊಸ್ತಿಲ ಈಚೆಗೇ ಕಚ್ಚಿ ನಿಂತಿತು. ಎಳೆದಳು. ಬರಲಿಲ್ಲ. ತೆವಳಿದಳು. ಮೈಯೇ ಹಿಂದಕ್ಕೆ ಜಾರಿತು. ಕಿರುಚಿದಳು. ದನಿಯೂ ಚೌಕಟ್ಟಿಗೆ ಬಡಿದು ಒಳಕ್ಕೇ ಮರಳಿತು.

ಬೀದಿಯ ಕೊನೆಯಲ್ಲಿ ಶಾಲೆಯ ಗಂಟೆ ಹೊಡೆಯಿತು. ಕಿಟಕಿಗೆ ಓಡಿದಳು. ದೊಡ್ಡಮ್ಮನ ಕೈ ಹಿಡಿದು ಪುಟ್ಟಿ ಕುಣಿಯುತ್ತ ಹೋಗುತ್ತಿದ್ದಳು. ಮನೆಯ ಕಡೆಗಲ್ಲ. ಬಸ್ಸಿನ ಕಡೆಗೆ. ಹತ್ತುವ ಮುನ್ನ ಮಗು ತಿರುಗಿ ನೋಡಿತು.

ಅಮ್ಮ ಎರಡೂ ಕೈಯಿಂದ ಗಾಜು ಬಡಿಯುತ್ತಿದ್ದಳು.

ಪುಟ್ಟಿಗೆ ಅದು ಟಾಟಾ ಮಾಡಿದಂತೆ ಕಂಡಿತು. ಅವಳೂ ನಗುತ್ತ ಕೈ ಬೀಸಿದಳು.