ಕೌದಿಯ ನಾರು

ಶಿವಗಂಗವ್ವನ ಎದೆಯಿಂದ ಕೊಳವೆಯಲ್ಲಿ ಇಳಿಯುತ್ತಿದ್ದ ನೀರನ್ನು ನಾರುಗುರುತು ಯಂತ್ರ ಸೋಸಿ, ಕಲ್ನಾರಿನ, ಅಂದರೆ ಆಸ್ಬೆಸ್ಟಾಸ್‌ನ, ಒಂದೇ ಒಂದು ಎಳೆಯನ್ನು ಪರದೆಯ ಮೇಲೆ ಹಿಗ್ಗಿಸಿ ತೋರಿಸಿತು. ಪ್ರತಿಯೊಂದು ಗಣಿಯ ಕಲ್ನಾರಿಗೂ ಅದರದೇ ಗುರುತುಂಟು. ಜೊತೆಗೆ ಅಂಟಿಬಂದ ಧೂಳು ಅದು ಹಾದುಬಂದ ದಾರಿಯನ್ನು ಹೇಳುತ್ತದೆ. ರೋಗ ಹಂಚಿದವರನ್ನು ಹಿಡಿದುಕೊಡಲೆಂದೇ ಡಾ. ವಾರಿಜಾ ಇದನ್ನು ನಿರ್ಮಿಸಿ ಮನೆಮನೆಗೆ ಹೊತ್ತು ತಿರುಗುತ್ತಿದ್ದರು. ದಾಕ್ಷಿಣ್ಯವೆಂಬುದನ್ನು ಮಾತ್ರ ಅದಕ್ಕೆ ಕಲಿಸಿರಲಿಲ್ಲ.

"ಎಳೆ ನಿಮ್ಮ ಯಜಮಾನರು ದುಡಿದ ಶೀಟಿನ ಕಾರ್ಖಾನೆಯದೇ. ಆದರೆ ಜೊತೆಗೆ ಸೆಣಬಿದೆ, ಹಳೆಯ ಸೀರೆಯ ನೂಲಿದೆ. ಮನೆಯಲ್ಲಿ ಗೋಣಿಚೀಲವೇನಾದರೂ ಇತ್ತೆ?" ವಾರಿಜಾ ಕೇಳಿದರು.

ಶಿವಗಂಗವ್ವನ ಮುಖ ಇಳಿಯಿತು. ತೀರಿಹೋದ ಗಂಡ ಕಾರ್ಖಾನೆಯ ಖಾಲಿ ಚೀಲಗಳನ್ನು ಮನೆಗೆ ತರುತ್ತಿದ್ದ. ಪುಗಸಟ್ಟೆ ಸಿಕ್ಕಿದ್ದನ್ನು ಬಿಡುವುದುಂಟೆ? ಆಕೆ ಅವನ್ನು ಕೊಡವಿ, ಸೀರೆಗಳ ನಡುವೆ ಇಟ್ಟು ಕೌದಿ ಹೊಲಿಯುತ್ತಿದ್ದಳು. ಓಣಿಯಲ್ಲಿ ಯಾರು ಬಾಣಂತಿಯಾದರೂ ಮಗುವಿಗೆ ಮೊದಲ ಕೌದಿ ಇವಳದೇ. ಬದುಕಿನಲ್ಲಿ ಅವಳಿಗಿದ್ದ ಹೆಮ್ಮೆ ಅದೊಂದೇ.

"ನನಗ ಎಷ್ಟ್ ದಿನಾ ಉಳದಾವ್ರಿ, ಬಾಯಾರ?"

"ಇದು ಎದೆಪೊರೆಯ ಕ್ಯಾನ್ಸರ್, ಮೀಸೋಥೀಲಿಯೋಮಾ. ಗುಣವಾಗುವ ಹಂತ ದಾಟಿದೆ, ಅಮ್ಮಾ. ಕೆಲವು ತಿಂಗಳು ಇರಬಹುದು, ಖಚಿತವಾಗಿ ಯಾರೂ ಹೇಳಲಾರರು. ನೀರು ತುಂಬಿದಾಗ ತೆಗೆಯುತ್ತೇವೆ, ನೋವಿಗೆ ಔಷಧ ಕೊಡುತ್ತೇವೆ, ಉಸಿರಿಗಾಗಿ ಒದ್ದಾಡಲು ಬಿಡುವುದಿಲ್ಲ. ಆದರೆ ಈ ರೋಗ ಮೈಯೊಳಗೆ ಮೂವತ್ತು, ನಲವತ್ತು ವರ್ಷ ಸುಮ್ಮನೆ ಕೂತಿರುತ್ತದೆ. ಕೌದಿ ಹೊದ್ದವರನ್ನು ಈಗಲೇ ಪರೀಕ್ಷಿಸಿದರೆ ಅವರನ್ನು ಕಾಯಬಹುದು. ಅವರಿಗೆ ಹೇಳಬೇಕಲ್ಲ?"

"ನಾ ಸತ್ತಮ್ಯಾಲ ಹೇಳ್ರಿ. ಯಾವ ಮಾರಿ ಇಟಗೊಂಡು ಹೇಳ್ಲಿ ನಾನು?"

ಅಷ್ಟರಲ್ಲಿ ಪಕ್ಕದ ಮನೆಯಿಂದ ನೀಲವ್ವ ಗಂಜಿ ತಂದಳು. ಅಕ್ಕನ ಮಗಳು, ದಿನವೂ ಚಿಗವ್ವನನ್ನು ಎಬ್ಬಿಸಿ ಕೂರಿಸಿ ಉಣಿಸುವವಳು. ಅವಳ ಮಕ್ಕಳೆಲ್ಲ ಆ ಕೌದಿಯಲ್ಲೇ ಮಲಗಿ ಬೆಳೆದಿದ್ದರು. ಸಾಯುತ್ತಿದ್ದ ಶಿವಗಂಗವ್ವನಿಗೂ ನಾಚಿಕೆಯಿಂದ ಸತ್ತುಹೋಗಬೇಕು ಅನ್ನಿಸಿತು.

"ನೀಲಾ, ನಿನ್ನ ಮಕ್ಕಳಿಗೆ ನಾ ವಿಷಾ ಹೊಚ್ಚೇನವ್ವಾ," ಎಂದು ಎಲ್ಲವನ್ನೂ ಹೇಳಿಬಿಟ್ಟಳು.

ನೀಲವ್ವ ಬಟ್ಟಲು ಕೆಳಗಿಟ್ಟು ಎದ್ದುಹೋದಳು. ಶಿವಗಂಗವ್ವ ಗೋಡೆಯ ಕಡೆ ಹೊರಳಿದಳು. ಡಾ. ವಾರಿಜಾ ಯಂತ್ರವನ್ನು ಆರಿಸಿದರು. ಅಪರಾಧಿಗಳನ್ನು ಹುಡುಕಲು ಹೊರಟ ಯಂತ್ರ ಕೌದಿ ಹೊಲಿಯುವ ಮುದುಕಿಯೊಬ್ಬಳನ್ನು ಹಿಡಿದುಕೊಟ್ಟಿತ್ತು. ಅವರಿಗೂ ತಲೆ ಎತ್ತಲಾಗಲಿಲ್ಲ.

ಸಂಜೆ ನೀಲವ್ವ ಮರಳಿ ಬಂದಾಗ ಕಣ್ಣು ಕೆಂಪಾಗಿದ್ದವು. ಹಿಂದೆ ಓಣಿಯ ಹೆಂಗಸರಿದ್ದರು. ವಾರಿಜಾ ಮತ್ತೆ ಹಚ್ಚಿದ ಯಂತ್ರದ ಮುಂದೆ ಮೊದಲು ಕೂತವಳು ಅವಳೇ. ಅವಳು ಕೆಮ್ಮಿ ಕೊಟ್ಟ ಕಫದಲ್ಲೂ ಎಳೆ ಸಿಕ್ಕಿತು. ಯಾರಿಂದ ಬಂತೆಂದು ದಾಖಲಿಸಲು ಯಂತ್ರ ಪರದೆಯ ಮೇಲೆ ಕೇಳಿತು.

"ಕಾರ್ಖಾನಿಯಿಂದ," ಎಂದಳು.

"ನೀವು ಎಂದಾದರೂ ಅಲ್ಲಿಗೆ ಹೋಗಿದ್ದಿರಾ?" ವಾರಿಜಾ ಕೇಳಿದರು.

"ಇಲ್ರಿ. ಅದ ನಮ್ಮ ಮನಿಗೆ ಬಂದಿತ್ತು."

ಉಳಿದವರೂ ಅದನ್ನೇ ಹೇಳಿದರು. ಶಿವಗಂಗವ್ವನ ಹೆಸರು ಯಾರ ಬಾಯಲ್ಲೂ ಬರಲಿಲ್ಲ. ಅವಳಿಗೆ ಎಲ್ಲ ಕೇಳಿಸುತ್ತಿತ್ತು. ಅದಕ್ಕೇ ಈ ಕಡೆ ತಿರುಗಲು ಇನ್ನಷ್ಟು ನಾಚಿಕೆಯಾಯಿತು.

ನೀಲವ್ವ ಹೊಸದೊಂದು ಕಂಬಳಿಯನ್ನು ಅವಳಿಗೆ ಹೊದಿಸಿದಳು.

"ಚಿಗವ್ವಾ, ಇತ್ಲಾಗ ಹೊಳ್ಳು. ಗಂಜಿ ಆರಿತ್ತು, ಮತ್ತ ಕಾಸೇನಿ."