ಕೋರೆಹಲ್ಲಿಗೆ ಬಾರದ ಉತ್ತರ

"ಇಲ್ಲಿ ಕೋರೆಹಲ್ಲು ಯಾರು?"

ಬಾಗಿಲಲ್ಲಿ ಕೇಳಿದ ದನಿಗೆ ಅವಳ ಕೈಯಲ್ಲಿದ್ದ ಮೇಣದ ಚಾಕು ಜಾರಿ ಮೇಜಿನ ಮೇಲೆ ಬಿತ್ತು.

ಆ ಹೆಸರು ಗೊತ್ತಿದ್ದದ್ದು ಇಬ್ಬರಿಗೆ. ಒಬ್ಬಳು ಅವಳು. ಇನ್ನೊಬ್ಬ... ಧೂಳಪ್ಪ!

ಅವನ ಅಂಗಿಯ ತೋಳಿನ ತುಂಬ ಬಿಳಿ ಧೂಳು. ರೆಪ್ಪೆಯ ಮೇಲೂ. ಕೈಯಲ್ಲಿ ಹಲ್ಲುಗಳ ಪುಟ್ಟ ಡಬ್ಬಿ.

'ಇಪ್ಪತ್ತೊಂದು ದಿನ ಬಾಯಿಗೆ ಬೀಗ ಹಾಕ್ಕೊಂಡಿದ್ದು, ಈಗ ಬಂದನಾ?'

"ನಾನೇ. ಡಬ್ಬಿ ಅಲ್ಲಿಟ್ಟು ಹೋಗಿ," ಎಂದಳು.

ಮೂಲೆಯಲ್ಲಿ ಕೂತಿದ್ದ ಹಿರಿಯ ಕೆಲಸಗಾರ ಮೇಣದಜ್ಜ ಕನ್ನಡಕದ ಮೇಲಿಂದ ಇಬ್ಬರನ್ನೂ ನೋಡಿದರು.

ಅದು ಹಲ್ಲು ಕಟ್ಟುವ ಕಾರ್ಯಾಗಾರ. ಒಂಬತ್ತು ವರ್ಷದಿಂದ ಅವಳು, ತಾನು ಎಂದೂ ನೋಡದ ಬಾಯಿಗಳಿಗೆ ಮೇಣದಲ್ಲಿ ಅಚ್ಚು ತಿದ್ದಿ, ಕಂಪ್ಯೂಟರಿನಲ್ಲಿ ಹಲ್ಲು ಬಿಡಿಸುತ್ತಿದ್ದಳು. ಬಿಡಿಸಿ ಕಳಿಸಿದ್ದು ಕ್ಲೌಡಿಗೆ ಏರಿ, ಊರಿನ ಇನ್ನೊಂದು ತುದಿಯ ಯಂತ್ರದ ಕೋಣೆಯಲ್ಲಿ ಇಳಿಯುತ್ತಿತ್ತು. ಅಲ್ಲಿ ಹಲ್ಲು ಕೊರೆಯುವವನು ಇವನು.

ಎರಡು ಕಡೆಯವರೂ ಫೋನ್ ನಂಬರ್ ಕೊಟ್ಟುಕೊಳ್ಳಕೂಡದು ಎಂದು ಯಜಮಾನರ ಕಟ್ಟಪ್ಪಣೆ. ಗಿರಾಕಿ ಕೈತಪ್ಪುವ ಭಯವಂತೆ! ಅವರಿಗೆ ಕೆಲಸದವರ ಬೆರಳು ಬೇಕಿತ್ತು. ಬೆರಳಿನ ಹಿಂದೆ ಮನುಷ್ಯರಿರುವುದು ಬೇಕಿರಲಿಲ್ಲ.

ಆದರೆ ಪ್ರತಿ ಹಲ್ಲಿನ ಜೊತೆ ಬಣ್ಣ, ಗಾತ್ರ ಬರೆಯಲು ಒಂದು ಟಿಪ್ಪಣಿ ಪೆಟ್ಟಿಗೆ ಇತ್ತಲ್ಲ... ಒಂದು ದಿನ ಅದರಲ್ಲಿ ಅವನು ಬರೆದಿದ್ದ: "ಇಷ್ಟು ಚೂಪಾದ ಕೋರೆಹಲ್ಲು ಯಾರನ್ನ ಕಚ್ಚೋಕೆ?"

"ಕೇಳಿದವರನ್ನ," ಎಂದು ಇವಳು ಬರೆದಳು.

ಅಂದಿನಿಂದ ಅವನಿಗೆ ಇವಳು ಕೋರೆಹಲ್ಲು, ಇವಳಿಗೆ ಅವನು ಧೂಳಪ್ಪ. ಹಾಗೆ ಶುರುವಾಗಿ ವರ್ಷ ಕಳೆದಿತ್ತು. ಬೆನ್ನುನೋವು, ಅಮ್ಮನ ಗೊಣಗಾಟ, ಸೋರುವ ನಲ್ಲಿ, ಎಲ್ಲವೂ ಆ ಪೆಟ್ಟಿಗೆಯಲ್ಲಿ. ಕೊನೆಗೊಮ್ಮೆ ಅವಳೇ ಧೈರ್ಯ ಮಾಡಿ ಕೇಳಿದ್ದಳು: "ನಿಮಗೆ ಮದುವೆ ಆಗಿದೆಯಾ?"

ಅಲ್ಲಿಂದ ಮೌನ.

ಅವಳೂ ಹಟ ಹಿಡಿದಳು. ಬರೀ ಹಲ್ಲು ಕಳಿಸಿದಳು. ಬೆಳಗ್ಗೆ ಎದ್ದು ಚಪ್ಪಲಿ ಮೆಟ್ಟುವುದೂ ಭಾರವಾಗುವಷ್ಟು ದಣಿದಿದ್ದಳು.

"ಹೋಗ್ತೀನಿ," ಎಂದ ಅವನು. ಅವನ ದನಿಯಲ್ಲೂ ಸಿಟ್ಟಿಗಿಂತ ಸುಸ್ತೇ ಹೆಚ್ಚಿತ್ತು. "ಬೇರೆ ಊರಲ್ಲಿ ಹೊಸ ಯಂತ್ರ ಕೂರಿಸಿದಾರೆ. ಬರ್ತೀನೋ ಇಲ್ವೋ ಅಂತ ಐದು ಗಂಟೆಗೆ ಹೇಳ್ಬೇಕು. ಒಂದ್ಸಲ ಮುಖ ನೋಡಿ ಹೋಗೋಣ ಅಂತ ಬಂದೆ. ಇಷ್ಟ ಇಲ್ಲ ಅನ್ನೋಕೆ ಒಂದು ಸಾಲು ಸಾಕಿತ್ತು ರೀ!"

"ಯಾವುದಕ್ಕೆ ಇಷ್ಟ ಇಲ್ಲ ಅನ್ಬೇಕಿತ್ತು? ನೀವು ಬರೆದಿದ್ರೆ ತಾನೇ!"

"ನಾನು ಬರೆದಿಲ್ವಾ? ದಿನಾ ಬರೆದಿದೀನಿ!"

ಅವಳು ಧಡಕ್ಕನೆ ಪರದೆಯನ್ನು ಅವನತ್ತ ತಿರುಗಿಸಿದಳು. ಅವಳ ಪ್ರಶ್ನೆಯ ಕೆಳಗೆ ಖಾಲಿ... ಬರೀ ಖಾಲಿ.

ಅವನು ಬಗ್ಗಿ ನೋಡಿದ. ಹುಬ್ಬು ಗಂಟಾಯಿತು.

"ಆಮೇಲೆ ಕಂಪ್ಯೂಟರಿಂದ ಏನಾದ್ರೂ ತೆಗೆದ್ರಾ?"

"ಅದು ಆಮೆ ಥರ ಆಗಿತ್ತು. ಹಳೇ ಸಾಫ್ಟ್‌ವೇರ್ ಯಾರೂ ಮುಟ್ತಿರಲಿಲ್ಲ, ತೆಗೆದೆ. ಯಾವುದೋ ಲೈಬ್ರರಿ ಫೈಲು, ಇದನ್ನ ಬೇರೆ ಯಾವ ಸಾಫ್ಟ್‌ವೇರೂ ಬಳಸ್ತಿರೋ ಹಾಗಿಲ್ಲ, ತೆಗೀಲಾ ಅಂತ ಕೇಳ್ತು. ಕಣ್ಣು ಉರೀತಿತ್ತು. ಎಲ್ಲದಕ್ಕೂ ಹೌದು ಒತ್ತಿದೆ."

ಅವನು ಕುರ್ಚಿಯಲ್ಲಿ ಕುಸಿದ.

"ಆ ಫೈಲು ಹಳೇ ಸಾಫ್ಟ್‌ವೇರಿಗೂ, ಈ ಹಲ್ಲು ಬಿಡಿಸೋದಕ್ಕೂ, ಎರಡಕ್ಕೂ ಸೇರಿದ್ದು. ಕ್ಲೌಡಿಂದ ಟಿಪ್ಪಣಿ ತರೋದೇ ಅದು. ಕಳಿಸೋಕೆ ಬೇರೆ ಇದೆ. ಅದಕ್ಕೇ ನಿಮ್ಮ ಹಲ್ಲು ನನಗೆ ಬರ್ತಾನೇ ಇತ್ತು, ಯಾರಿಗೂ ಅನುಮಾನ ಬರಲಿಲ್ಲ. ನನ್ನ ಮಾತು ಮಾತ್ರ..."

ಅವಳು ಕೀಲಿಮಣೆಯಿಂದ ಕೈ ತೆಗೆದಳು. 'ನಾನೇ... ನನ್ನ ಕೈಯಾರೆ!'

"ಈಗ?"

"ಹಳೇದನ್ನೇ ಮತ್ತೆ ಹಾಕಿ. ಫೈಲು ಅದರ ಜೊತೆ ಬರುತ್ತೆ."

ಗೋಡೆಯ ಗಡಿಯಾರದಲ್ಲಿ ನಾಲ್ಕೂ ಇಪ್ಪತ್ತು. ಅವಳು ಹಳೆಯದನ್ನು ಹಾಕತೊಡಗಿದಳು; ಪರದೆಯ ಹಸಿರು ಪಟ್ಟಿ ಇಂಚಿಂಚಾಗಿ ತೆವಳಿತು. ಇಬ್ಬರೂ ಅದನ್ನೇ ನೋಡುತ್ತ ಕೂತರು.

ನಾಲ್ಕೂ ಮೂವತ್ತೆಂಟಕ್ಕೆ ಪೆಟ್ಟಿಗೆ ತುಂಬತೊಡಗಿತು.

"ಆಗಿಲ್ಲ. ನಿಮಗೆ?"

"ನಾನು ಕೇಳಿದ್ದು ತಪ್ಪಾಯ್ತಾ?"

"ಇವತ್ತು ಬೆನ್ನು ಮುರಿದು ಹೋಯ್ತು. ಯಾರಿಗೆ ಹೇಳ್ಲಿ ಅಂತ ಇಲ್ಲೇ ಬರೀತಿದೀನಿ."

"ನೀವು ಬಿಡಿಸಿದ ಹಲ್ಲು ಬಂದ ದಿನ ಯಂತ್ರದ ಸದ್ದೂ ಕಡಿಮೆ ಅನ್ಸುತ್ತೆ. ಜೊತೇಲಿ ಬದುಕೋಣ್ವಾ?"

ಅಕ್ಷರಗಳು ಅವಳ ಕಣ್ಣಲ್ಲಿ ಮಂಜಾದವು. ಕೊನೆಯದು ನಿನ್ನೆಯದು: "ಸರಿ ಬಿಡಿ. ಚೆನ್ನಾಗಿರಿ."

ಮೇಣದಜ್ಜ ಕೆಮ್ಮಿದರು. "ನಂಗೆ ಕಿವಿ ಸರಿಯಾಗಿ ಕೇಳ್ಸಲ್ಲಮ್ಮ. ಆದ್ರೂ ಬೇಗ ಹೇಳು, ಐದಾಗ್ತಾ ಬಂತು!"

ಅವಳು ನಗಲೂ ಆಗದೆ, ಅಳಲೂ ಆಗದೆ, ಪೆಟ್ಟಿಗೆಯಲ್ಲಿ ಏನೋ ಬರೆದು ಕಳಿಸಿದಳು.

"ಉತ್ತರ ನಿಮ್ಮ ಕೋಣೆಗೆ ಹೋಯ್ತು. ಹೋಗಿ ನೋಡ್ಕೊಳ್ಳಿ."

"ಅಯ್ಯೋ, ಬಸ್ಸಲ್ಲಿ ಒಂದು ಗಂಟೆ ಆಗುತ್ತೆ ರೀ! ಐದಕ್ಕೆ ನಾನೇನಂತ ಹೇಳ್ಲಿ?"

"ಬರಲ್ಲ ಅಂತ ಹೇಳಿ."

ಅವನು ಅವಳನ್ನೇ ನೋಡಿದ. ಆಮೇಲೆ ಫೋನ್ ತೆಗೆದ. "ಸಾರ್... ನಾನು ಬರಲ್ಲ ಸಾರ್. ಹೌದು, ಯೋಚ್ನೆ ಮಾಡೇ ಹೇಳ್ತಿದೀನಿ." ಫೋನ್ ಜೇಬಿಗಿಟ್ಟು ಕಣ್ಣು ಮುಚ್ಚಿದ. ಹೊತ್ತ ಮೂಟೆ ಇಳಿಸಿದವನ ಹಾಗೆ ಉಸಿರು ಬಿಟ್ಟ.

"ತುಂಬ ಸುಸ್ತಾಗಿದೆ ಕಣ್ರೀ," ಎಂದಳು ಅವಳು, ಮೆಲ್ಲಗೆ.

"ನಂಗೂ." ಅವನು ಕೈ ಚಾಚಿದ.

"ನಿಮ್ಮ ಕೈಯೆಲ್ಲ ಧೂಳು."

"ನಿಮ್ಮದೆಲ್ಲ ಮೇಣ."

"ಹಿಡ್ಕೊಂಡ್ರೆ ಅಂಟ್ಕೊಳ್ಳುತ್ತೆ."

"ಅಂಟ್ಕೊಳ್ಲಿ ಬಿಡಿ..."